ಕಟ್ ಮಾಡಿದಲ್ಲಿ ಹರಿದ ಹಗ್ಗ: ಮೂಕಾಭಿನಯ ಕಲಾವಿದರೊಬ್ಬರ ಸಾಕ್ಷ್ಯಚಿತ್ರ, ಒಂದು ಪ್ರಕರಣ ಅಧ್ಯಯನ

ಮೂಕಾಭಿನಯವನ್ನೂ ಪ್ರಾಯೋಗಿಕ ರಂಗಭೂಮಿಯನ್ನೂ ನಲವತ್ತು ವರ್ಷಗಳಿಂದ ಜೊತೆಜೊತೆಯಾಗಿ ನಡೆಸಿಕೊಂಡು ಬಂದ ಹಿರಿಯ ಕಲಾವಿದರೊಬ್ಬರನ್ನು ಕುರಿತ ಸಾಕ್ಷ್ಯಚಿತ್ರವೊಂದು ಮೊದಲು ಹೇಗೆ ಕೆಟ್ಟಿತು, ಆಮೇಲೆ ಯಾವ ನಿರ್ಧಾರಗಳಿಂದ ಒಂದು ಹದಕ್ಕೆ ಬಂತು ಎಂಬುದನ್ನು ಇಲ್ಲಿ ಬರೆಯುತ್ತಿದ್ದೇನೆ. ನಾನು ಆ ಚಿತ್ರದ ಸಂಕಲನಕಾರ. ಮೊದಲ ಹಂತದಲ್ಲಿ ಆದ ತಪ್ಪುಗಳಲ್ಲಿ ದೊಡ್ಡದೊಂದು ನನ್ನದೇ ಆದ್ದರಿಂದ ಹೊರಗೆ ನಿಂತು ತೀರ್ಪು ಕೊಡುವವನ ಧಾಟಿ ನನಗೆ ಒಪ್ಪುವುದಿಲ್ಲ. ಕಲಾವಿದರ, ಅವರ ಮನೆಯವರ, ತಂಡದವರ ಗುರುತು ಸಿಗಬಾರದೆಂದು ಊರು ಮತ್ತು ವೃತ್ತಿಯ ಕೆಲವು ವಿವರಗಳನ್ನು ಬದಲಿಸಿದ್ದೇನೆ. ಊರಿನವರೆಲ್ಲ ಕರೆಯುವಂತೆ ನಾನೂ ಅವರನ್ನು ಮೇಷ್ಟ್ರು ಎಂದೇ ಕರೆಯುತ್ತೇನೆ.

ಹಿನ್ನೆಲೆ

ಮೇಷ್ಟ್ರು ಮಲೆನಾಡಿನ ಒಂದು ಸಣ್ಣ ಪೇಟೆಯ ಪ್ರೌಢಶಾಲೆಯಲ್ಲಿ ದೈಹಿಕ ಶಿಕ್ಷಣ ಕಲಿಸುತ್ತಿದ್ದವರು, ಅಂದರೆ ಡ್ರಿಲ್ ಮೇಷ್ಟ್ರು. 1975ರಲ್ಲಿ ಹುಟ್ಟಿದ 'ಸಮುದಾಯ' ಎಂಬ ರಂಗಸಂಘಟನೆಯ ಬೀದಿ ನಾಟಕಗಳ ಅಲೆ ಊರೂರಿಗೆ ತಲುಪುತ್ತಿದ್ದ ಕಾಲದಲ್ಲಿ ಅವರು ನಾಟಕಕ್ಕೆ ಬಂದರು. ಗಂಟಲು ದೊಡ್ಡದಲ್ಲದ ಕಾರಣ ಬೀದಿಯಲ್ಲಿ ಮಾತು ಯಾರಿಗೂ ಕೇಳಿಸುತ್ತಿರಲಿಲ್ಲವಂತೆ. ಹಾಗಾಗಿ ತಂಡದವರು ಅವರಿಗೆ ಮಾತಿಲ್ಲದ ಪಾತ್ರಗಳನ್ನೇ ಕೊಡುತ್ತಿದ್ದರಂತೆ. ಮುಂದೆ ಕೋಲ್ಕತ್ತಾದ ಮೂಕಾಭಿನಯ ಪರಂಪರೆಯಲ್ಲಿ ಪಳಗಿದವರೊಬ್ಬರು ನಡೆಸಿದ ಶಿಬಿರವೊಂದರಲ್ಲಿ ಅವರು ಭಾಗವಹಿಸಿದರು. ಜೋಗೇಶ್ ದತ್ತ, ನಿರಂಜನ ಗೋಸ್ವಾಮಿ ಮೊದಲಾದವರು ಬಂಗಾಳದಲ್ಲಿ ಮೂಕಾಭಿನಯಕ್ಕೆ ಸ್ವತಂತ್ರ ಕಲೆಯ ಸ್ಥಾನ ಕೊಟ್ಟಿದ್ದ ದಿನಗಳವು. ಅಲ್ಲಿಂದ ಮುಂದಿನದನ್ನೆಲ್ಲ ಮೇಷ್ಟ್ರು ಶಾಲೆಯ ಸಭಾಂಗಣದ ಹಲಗೆಯ ವೇದಿಕೆಯ ಮೇಲೆ, ಮಕ್ಕಳು ಮನೆಗೆ ಹೋದ ಮೇಲೆ, ಒಬ್ಬರೇ ಕಟ್ಟಿಕೊಂಡರು.

ಕನ್ನಡದ ಓದುಗರಲ್ಲಿ ಹೆಚ್ಚಿನವರು ಮೂಕಾಭಿನಯವನ್ನು ನೋಡಿರುವುದು ವಿಶ್ವವಿದ್ಯಾಲಯಗಳ ಯುವಜನೋತ್ಸವದಲ್ಲಿ: ಕಪ್ಪು ಬಟ್ಟೆ, ಬಿಳಿ ಬಣ್ಣದ ಮುಖ, ಬಿಳಿ ಕೈಗವಸು, ಆರು ಜನ, ಐದು ನಿಮಿಷ, ಹಿಂದೆ ಜೋರಾದ ಸಂಗೀತ, ಕೊನೆಯಲ್ಲಿ ಒಂದು ಸಾಮಾಜಿಕ ಸಂದೇಶ. ಮೇಷ್ಟ್ರ ಕೆಲಸ ಇದಕ್ಕಿಂತ ಬಹಳ ದೂರದ್ದು. ಅವರು ಮುಖಕ್ಕೆ ಬಣ್ಣ ಹಚ್ಚುವುದಿಲ್ಲ, ಕೈಗವಸು ತೊಡುವುದಿಲ್ಲ. ನಾಟ್ಯಶಾಸ್ತ್ರ ಹೇಳುವ ಆಂಗಿಕ (ಮೈಯ ಚಲನೆ), ವಾಚಿಕ (ಮಾತು), ಆಹಾರ್ಯ (ವೇಷಭೂಷಣ), ಸಾತ್ವಿಕ (ಒಳಗಿನ ಭಾವ) ಎಂಬ ನಾಲ್ಕು ಬಗೆಯ ಅಭಿನಯದಲ್ಲಿ ವಾಚಿಕವನ್ನೂ ಆಹಾರ್ಯವನ್ನೂ ಬಿಟ್ಟುಕೊಟ್ಟು, ಉಳಿದೆರಡರಿಂದಲೇ ನಾಟಕದ ಹೊರೆ ಹೊರಿಸಬಹುದೇ ಎಂಬುದು ಅವರ ಪ್ರಯೋಗ. ಫ್ರಾನ್ಸಿನ ಎತಿಯೆನ್ ದೆಕ್ರೂ (1898–1991) ತಮ್ಮ ಶಿಷ್ಯರ ಮುಖಕ್ಕೆ ತೆಳುವಾದ ಬಟ್ಟೆ ಮುಚ್ಚಿ, ನಟನೆಯನ್ನು ಮುಖ ಮತ್ತು ಬೆರಳುಗಳಿಂದ ಕಿತ್ತು ಮುಂಡಕ್ಕೆ, ಸೊಂಟಕ್ಕೆ, ಬೆನ್ನಿಗೆ ವರ್ಗಾಯಿಸಿದವರು. ಅವರ ಬಳಿ ಕಲಿತ ಮಾರ್ಸೆಲ್ ಮಾರ್ಸೊ ಮತ್ತೆ ಬಿಳಿಯ ಮುಖವನ್ನೇ ಜಗತ್ಪ್ರಸಿದ್ಧಗೊಳಿಸಿದರು. ಈ ಇಬ್ಬರಲ್ಲಿ ಮೇಷ್ಟ್ರ ಒಲವು ಗುರುವಿನ ಕಡೆಗೆ.

ಅವರ ಮುಖ್ಯ ಪ್ರಯೋಗವನ್ನು ಇಲ್ಲಿ ವಿವರಿಸದೆ ಮುಂದಿನದು ಅರ್ಥವಾಗುವುದಿಲ್ಲ. ಒಬ್ಬ ಮನುಷ್ಯ ಬಾವಿಯಿಂದ ನೀರು ಸೇದುತ್ತಾನೆ. ರಾಟೆ, ಹಗ್ಗ, ಕೊಡ, ಬಾವಿಕಟ್ಟೆ, ಯಾವುದೂ ರಂಗದ ಮೇಲಿಲ್ಲ. ಅವನು ನಾಲ್ಕು ಸಲ ಸೇದುತ್ತಾನೆ. ಒಂದೊಂದು ಸೇದುವಿಕೆಯ ನಡುವೆ ವರ್ಷಗಳು ಕಳೆದಿರುತ್ತವೆ. ಮೊದಲ ಸಲ ಒಂಬತ್ತು ಎಳೆತಕ್ಕೆ ಕೊಡ ಮೇಲೆ ಬರುತ್ತದೆ. ಎರಡನೆಯ ಸಲ ಹದಿಮೂರು, ಮೂರನೆಯ ಸಲ ಹತ್ತೊಂಬತ್ತು, ಕೊನೆಯ ಸಲ ಮೂವತ್ತೊಂದು. ಕೊಡ ನೀರಿಗೆ ತಾಗುವ ಕ್ಷಣದಲ್ಲಿ ಹಗ್ಗ ಸಡಿಲಗೊಳ್ಳುತ್ತದೆ, ತುಂಬಿದಾಗ ಒಮ್ಮೆಲೇ ಜಗ್ಗುತ್ತದೆ. ಕೊನೆಯ ಸಲ ಆ ಜಗ್ಗುವಿಕೆ ಬರುವುದೇ ಇಲ್ಲ. ಅವನು ಬರಿಯ ಕೊಡವನ್ನು ಮೂವತ್ತೊಂದು ಎಳೆತಗಳಲ್ಲಿ ಮೇಲೆತ್ತಿ, ಮೂರು ಹೆಜ್ಜೆ ಹಿಂದೆ ಸರಿದು ಕೂರುತ್ತಾನೆ. ಅಷ್ಟೇ ನಾಟಕ. ಎಳೆತಗಳ ಸಂಖ್ಯೆಯನ್ನು ಯಾರೂ ಹೇಳಿಕೊಡದಿದ್ದರೂ ಪ್ರೇಕ್ಷಕರ ಮೈ ಅದನ್ನು ಎಣಿಸಿಕೊಳ್ಳುತ್ತದೆ.

ಬೆಂಗಳೂರಿನಲ್ಲಿ ನೆಲೆಸಿದ ನಿರ್ದೇಶಕಿಯೊಬ್ಬರು ವಿದ್ಯಾರ್ಥಿನಿಯಾಗಿದ್ದಾಗ ಇದನ್ನು ನೋಡಿದ್ದರು. ಮೇಷ್ಟ್ರಿಗೆ ಎಪ್ಪತ್ತು ದಾಟಿದೆ, ಮಂಡಿ ನೋವು ಶುರುವಾಗಿದೆ ಎಂದು ತಿಳಿದಾಗ, ಇನ್ನು ತಡ ಮಾಡಬಾರದೆಂದು ಸಣ್ಣ ಮೊತ್ತದ ಅನುದಾನವೊಂದನ್ನು ಹೊಂದಿಸಿಕೊಂಡು ಚಿತ್ರ ಆರಂಭಿಸಿದರು. ಆರಂಭದಲ್ಲೇ ಮೇಷ್ಟ್ರ ಜೊತೆ ಒಂದು ಪುಟದ ಒಪ್ಪಂದ ಬರೆದುಕೊಂಡರು. ತಮ್ಮ ಖಾಸಗಿ ಬದುಕಿಗೆ ಸೇರಿದ ಯಾವುದೇ ಭಾಗವನ್ನು ತೆಗೆಯಿಸುವ ಹಕ್ಕು ಮೇಷ್ಟ್ರಿಗೆ, ಪ್ರದರ್ಶನದ ಚಿತ್ರೀಕರಣದಲ್ಲಿ ಏನನ್ನು ಇಡಬೇಕು ಎಂಬ ನಿರ್ಧಾರ ನಿರ್ದೇಶಕಿಗೆ ಎಂದು ಅದರಲ್ಲಿತ್ತು. ಆಗ ಇದು ಬರಿಯ ಔಪಚಾರಿಕತೆ ಎನ್ನಿಸಿತ್ತು.

ಸಮಸ್ಯೆ

ಮೊದಲ ಹಂತದ ಚಿತ್ರೀಕರಣ ಎಂಟು ದಿನ ನಡೆಯಿತು. ಮೇಷ್ಟ್ರು ರಂಗದ ಮೇಲೆ ಎಷ್ಟು ಮೌನಿಯೋ ಕೆಳಗಿಳಿದರೆ ಅಷ್ಟೇ ಮಾತುಗಾರರು. ಮಾರ್ಸೊ ಕೂಡ ಹಾಗೇ ಇದ್ದರೆಂದು ಕೇಳಿದ್ದೇನೆ. 1976ರ ಒಂದು ಅಮೆರಿಕನ್ ಮೂಕಿ ಹಾಸ್ಯಚಿತ್ರದಲ್ಲಿ ಇಡೀ ಚಿತ್ರದ ಒಂದೇ ಒಂದು ಮಾತನ್ನು ಮೂಕಾಭಿನಯದ ಈ ದೊರೆಯ ಬಾಯಿಂದಲೇ ಆಡಿಸಿದ್ದಾರೆ, ಆ ಮಾತೂ 'ಇಲ್ಲ' ಎಂಬುದು. ನಮ್ಮ ಮೇಷ್ಟ್ರು ಒಂದು ಮಾತಿಗೆ ನಿಲ್ಲುವವರಲ್ಲ. ಹನ್ನೊಂದು ಗಂಟೆಗಳ ಸಂದರ್ಶನ ನನ್ನ ಮೇಜಿಗೆ ಬಂತು, ಅದರಲ್ಲಿ ಬೇಸರ ತರುವ ನಿಮಿಷ ಒಂದೂ ಇರಲಿಲ್ಲ. ನಮ್ಮ ದಾರಿ ತಪ್ಪಲು ಅದೇ ಮೊದಲ ಕಾರಣ. ಕತೆ ಚೆನ್ನಾಗಿದ್ದ ಕಡೆಯಲ್ಲೆಲ್ಲ ನಾನು ಕತೆಯನ್ನು ಇಟ್ಟುಕೊಂಡೆ, ಕತೆ ಹೇಳುವ ಮುಖವನ್ನೇ ಎಷ್ಟು ಹೊತ್ತು ತೋರಿಸುವುದೆಂದು ಅದರ ಮೇಲೆ ಪ್ರದರ್ಶನದ ದೃಶ್ಯಗಳನ್ನು ಹಾಸಿದೆ. ಬಾವಿಯ ನಾಟಕ ಮೇಷ್ಟ್ರ ಬಾಲ್ಯದ ಬರಗಾಲದ ನೆನಪಿಗೆ ಚಿತ್ರವಾಯಿತು.

ಎರಡನೆಯ ಕಾರಣ ಕ್ಯಾಮೆರಾಗಳು. ಪ್ರದರ್ಶನವನ್ನು ಮೂರು ಕ್ಯಾಮೆರಾಗಳಲ್ಲಿ ಹಿಡಿದಿದ್ದರು: ಒಂದು ನೇರ ಎದುರಿಗೆ, ಒಂದು ಪಕ್ಕಕ್ಕೆ, ಒಂದು ಛಾಯಾಗ್ರಾಹಕರ ಹೆಗಲ ಮೇಲೆ, ಹತ್ತಿರದ ಶಾಟುಗಳಿಗಾಗಿ. ಸಂಗೀತ ಕಛೇರಿಗೋ ನೃತ್ಯಕ್ಕೋ ಇದು ಸಾಮಾನ್ಯ ವ್ಯವಸ್ಥೆ. ಆದರೆ ನಾನು ಎದುರಿನ ಶಾಟಿನಿಂದ ಕೈಯ ಕ್ಲೋಸಪ್ಪಿಗೆ ಕಟ್ ಮಾಡಿದ ಕೂಡಲೇ ಹಗ್ಗ ಹರಿದುಹೋಗುತ್ತಿತ್ತು. ತೆರೆಯ ಮೇಲೆ ಉಳಿಯುತ್ತಿದ್ದದ್ದು ಗಾಳಿಯಲ್ಲಿ ಮೇಲೆ ಕೆಳಗೆ ಆಡುವ ಒಂದು ಖಾಲಿ ಮುಷ್ಟಿ. ಕಾರಣವನ್ನು ಆಗ ನಾವು ಅರ್ಥ ಮಾಡಿಕೊಳ್ಳಲಿಲ್ಲ, ಬೆಳಕು ಸರಿಯಿಲ್ಲ ಎಂದುಕೊಂಡೆವು. ಇಲ್ಲದ ಹಗ್ಗ ಪ್ರೇಕ್ಷಕನ ಕಣ್ಣಿಗೆ ಕಟ್ಟುವುದು ಎರಡು ಕಾರಣಗಳಿಂದ. ಗಾಳಿಯಲ್ಲಿ ಒಂದು ಬಿಂದುವನ್ನು ಹಿಡಿದ ಕೈ ಅಲ್ಲಿಂದ ಕದಲದೆ ನಿಂತು, ಮೈಯೆಲ್ಲ ಅದರ ಸುತ್ತ ಚಲಿಸಬೇಕು, ಇದು ಸ್ಥಿರಬಿಂದು. ಕೊಡದ ಭಾರ ಕೈಯಲ್ಲಿ ಕಾಣುವಂಥದ್ದಲ್ಲ, ಸೊಂಟ ಹಿಂದಕ್ಕೆ ಜಾರಿ ಹಿಮ್ಮಡಿ ನೆಲಕ್ಕೆ ಒತ್ತಿಕೊಳ್ಳುವುದರಲ್ಲಿ ಕಾಣುವಂಥದ್ದು, ಇದು ಪ್ರತಿಭಾರ. ಕ್ಲೋಸಪ್ಪಿನಲ್ಲಿ ಸೊಂಟವೂ ಇಲ್ಲ, ಹಿಮ್ಮಡಿಯೂ ಇಲ್ಲ. ಕೋನ ಬದಲಾದಾಗ ಸ್ಥಿರಬಿಂದು ತೆರೆಯ ಇನ್ನೊಂದು ಜಾಗಕ್ಕೆ ಹಾರುತ್ತದೆ, ಪ್ರೇಕ್ಷಕ ಅಷ್ಟು ಹೊತ್ತು ಮನಸ್ಸಿನಲ್ಲಿ ಹಿಡಿದುಕೊಂಡಿದ್ದ ಹಗ್ಗ ಕೈಬಿಟ್ಟುಹೋಗುತ್ತದೆ.

ಛಾಯಾಗ್ರಾಹಕರು ಕೆಲವು ಭಾಗಗಳನ್ನು ಸೆಕೆಂಡಿಗೆ 100 ಫ್ರೇಮಿನಲ್ಲಿ ತೆಗೆದಿದ್ದರು. ಅದನ್ನು 25ರಲ್ಲಿ ಓಡಿಸಿದರೆ ಚಲನೆ ನಾಲ್ಕು ಪಟ್ಟು ನಿಧಾನವಾಗುತ್ತದೆ. ನೋಡಲು ಬಹಳ ಸುಂದರ. ಆದರೆ ಮೇಷ್ಟ್ರು ಅದೇ ನಿಧಾನವನ್ನು ಒಂಟಿ ಕಾಲಿನ ಮೇಲೆ, ಭೂಮಿಯ ಸೆಳೆತಕ್ಕೆ ಎದುರಾಗಿ, ಮೈಯಿಂದಲೇ ಸಾಧಿಸಿದವರು. ಯಂತ್ರದ ನಿಧಾನ ಅದರ ಪಕ್ಕದಲ್ಲಿ ಬಂದಾಗ ಎರಡೂ ಒಂದೇ ಆಗಿ, ಅವರ ನಲವತ್ತು ವರ್ಷಗಳ ಸಾಧನೆ ಕ್ಯಾಮೆರಾದ ಒಂದು ಗುಂಡಿಯ ಮಟ್ಟಕ್ಕೆ ಇಳಿಯಿತು.

ಇನ್ನು ನನ್ನ ತಪ್ಪು. ಕೊನೆಯ ಮೂವತ್ತೊಂದು ಎಳೆತಗಳು ನನಗೆ ದೀರ್ಘವೆನಿಸಿದವು. ವೇಗ ಹೆಚ್ಚಿಸಲು ಸಂಕಲನಕಾರರು ಪ್ರತಿದಿನ ಮಾಡುವ ಕೆಲಸವನ್ನೇ ಮಾಡಿ, ಮಧ್ಯದ ಹದಿನೇಳನ್ನು ತೆಗೆದು ಹದಿನಾಲ್ಕು ಉಳಿಸಿದೆ. ಹೊಂದಿಕೆ ಎಷ್ಟು ನಾಜೂಕಾಗಿತ್ತೆಂದರೆ ಕತ್ತರಿಸಿದ್ದು ಯಾರಿಗೂ ಗೊತ್ತಾಗಲಿಲ್ಲ. ಮೂರನೆಯ ಸಲ ಹತ್ತೊಂಬತ್ತು ಎಳೆತ ಆಳವಿದ್ದ ಬಾವಿ ನಾಲ್ಕನೆಯ ಸಲ ಹದಿನಾಲ್ಕಕ್ಕೆ ಬಂತು, ಅಂದರೆ ನೀರು ಮೇಲೇರಿತು. ಬರದ ನಾಟಕದಲ್ಲಿ ನಾನು ಮಳೆ ಬರಿಸಿದ್ದೆ.

94 ನಿಮಿಷಗಳ ಮೊದಲ ರಫ್ ಕಟ್ ಅನ್ನು, ಅಂದರೆ ಸಂಕಲನದ ಕರಡನ್ನು, ಹತ್ತು ಜನರ ಮುಂದೆ ಇಟ್ಟಾಗ ಎಲ್ಲರಿಗೂ ಇಷ್ಟವಾಯಿತು. ಅಲ್ಲಿಗೇ ನಿಲ್ಲಿಸಿದ್ದರೆ ಚಿತ್ರ ಹಾಗೆಯೇ ಹೊರಬರುತ್ತಿತ್ತು. ಆದರೆ ನಿರ್ದೇಶಕಿ ಒಂದು ಬೇರೆಯ ಪ್ರಶ್ನೆ ಕೇಳಿದರು: "ನೋಡಿದ್ದರಲ್ಲಿ ಯಾವುದಾದರೂ ಒಂದು ಪ್ರದರ್ಶನ ಏನಾಗಿತ್ತು ಅಂತ ಹೇಳ್ತೀರಾ?" ಮೇಷ್ಟ್ರ ತಮಾಷೆಗಳನ್ನು ಹತ್ತೂ ಜನ ನೆನಪಿಟ್ಟಿದ್ದರು. ಬಾವಿಯ ನಾಟಕವನ್ನು ಮೊದಲಿಂದ ಕೊನೆಯವರೆಗೆ ಒಬ್ಬರೂ ಹೇಳಲಾರದೆ ಹೋದರು.

ಅವರಲ್ಲಿ ಒಬ್ಬರು ಕಿವುಡ ಮಕ್ಕಳ ಶಾಲೆಯ ಶಿಕ್ಷಕಿ, ಸ್ವತಃ ಕಿವಿ ಕೇಳದವರು. ಆ ಶಾಲೆಯಲ್ಲಿ ಮೇಷ್ಟ್ರು ಹಲವು ಬಾರಿ ಪ್ರದರ್ಶನ ಕೊಟ್ಟಿದ್ದರು. (ಮೂಕಾಭಿನಯವೂ ಸನ್ನೆ ಭಾಷೆಯೂ ಒಂದೇ ಎಂದು ತಿಳಿಯುವವರು ಬಹಳ ಮಂದಿ ಇದ್ದಾರೆ, ಸನ್ನೆ ಭಾಷೆ ವ್ಯಾಕರಣವುಳ್ಳ ಪೂರ್ಣ ಭಾಷೆ, ಮೂಕಾಭಿನಯ ನಟನೆ.) ಆ ಶಿಕ್ಷಕಿ ಸನ್ನೆಯಲ್ಲಿ ಹೇಳಿದ್ದನ್ನು ಜೊತೆಗಿದ್ದವರು ನಮಗೆ ತಿಳಿಸಿದರು. ಮೇಷ್ಟ್ರು ನೀರು ಸೇದುವಾಗ ತೆರೆಯ ಕೆಳಗೆ ಅಕ್ಷರಗಳು ಬರುತ್ತಿದ್ದವು, ಅಕ್ಷರ ಓದಿ ಮುಗಿಸಿ ತಲೆ ಎತ್ತುವಷ್ಟರಲ್ಲಿ ಕೊಡ ಮೇಲೆ ಬಂದಿರುತ್ತಿತ್ತು, ಶಾಲೆಯ ಅಂಗಳದಲ್ಲಿ ಪೂರ್ತಿ ಅರ್ಥವಾಗಿದ್ದ ನಾಟಕ ಈ ಚಿತ್ರದಲ್ಲಿ ಅರ್ಥವಾಗಲಿಲ್ಲ ಎಂದರು. ಮಾತಿಲ್ಲದ ಕಲೆಯನ್ನು ನಾವು ಮಾತಿನಿಂದ ಮುಚ್ಚಿದ್ದೆವು, ಅದಕ್ಕೂ ಮೇಲೆ ಮಾತಿನ ಅಡಿಬರಹದಿಂದ ಇನ್ನೊಮ್ಮೆ ಮುಚ್ಚಿದ್ದೆವು. ಆ ರಾತ್ರಿ ನಿರ್ದೇಶಕಿ ಚಿತ್ರವನ್ನು ಚಲನಚಿತ್ರೋತ್ಸವಗಳಿಗೆ ಕಳಿಸುವ ಯೋಚನೆ ಕೈಬಿಟ್ಟರು.

ಮಾಡಿದ ಪ್ರಯತ್ನಗಳು

ಮೊದಲ ಪ್ರಯತ್ನ ಇನ್ನೊಂದು ತುದಿಗೆ ಹಾರುವುದಾಗಿತ್ತು. ಮಾತನ್ನೆಲ್ಲ ತೆಗೆದು, ಪ್ರದರ್ಶನಗಳನ್ನು ಎದುರಿನ ಕ್ಯಾಮೆರಾದಿಂದ ಕಟ್ ಇಲ್ಲದೆ ಜೋಡಿಸಿದೆ. ಅದು ಶಾಲಾ ವಾರ್ಷಿಕೋತ್ಸವದ ವಿಡಿಯೋದಂತೆ ಆಯಿತು. ಹಗ್ಗ ಹರಿಯಲಿಲ್ಲ ಎಂಬುದೇನೋ ನಿಜ, ಆದರೆ ಭಾರವೂ ಬರಲಿಲ್ಲ. ಮೇಲಾಗಿ ಆ ಮನುಷ್ಯ ಯಾರೆಂಬುದೇ ತಿಳಿಯುತ್ತಿರಲಿಲ್ಲ. ವ್ಯಕ್ತಿಚಿತ್ರದಲ್ಲಿ ವ್ಯಕ್ತಿಯೇ ನಾಪತ್ತೆ.

ಆ ಹೊತ್ತಿಗೆ ನಾವು ಹಳೆಯ ಉದಾಹರಣೆಗಳನ್ನು ಹುಡುಕತೊಡಗಿದ್ದೆವು. ಸತ್ಯಜಿತ್ ರೇ 1976ರಲ್ಲಿ ಭರತನಾಟ್ಯ ಕಲಾವಿದೆ ಬಾಲಸರಸ್ವತಿಯವರನ್ನು ಕುರಿತು ಮಾಡಿದ 'ಬಾಲಾ' ಚಿತ್ರದಲ್ಲಿ ಅವರು ಕಡಲ ದಂಡೆಯಲ್ಲಿ ನಿಂತು 'ಕೃಷ್ಣಾ ನೀ ಬೇಗನೆ ಬಾರೋ' ಎಂಬ ನಮ್ಮ ವ್ಯಾಸರಾಯರ ಪದಕ್ಕೆ ಅಭಿನಯಿಸುವ ಭಾಗವಿದೆ. ಗಾಳಿ ಸೀರೆಯನ್ನು ಎಳೆಯುತ್ತಿರುತ್ತದೆ, ಕಲಾವಿದೆಗೆ ಆಗ ಐವತ್ತೆಂಟರ ಆಸುಪಾಸು. ನಿರ್ದೇಶಕಿ ಇದನ್ನು ನೋಡಿ ಬಾವಿಯ ನಾಟಕವನ್ನು ನಿಜವಾದ ಹಾಳುಬಾವಿಯ ಪಕ್ಕದಲ್ಲಿ ತೆಗೆಯೋಣ ಎಂದರು. ನಾನೂ ಹುರುಪಿನಿಂದ ಒಪ್ಪಿದೆ. ಒಂದು ಬೆಳಗ್ಗೆ ತೆಗೆದೂ ನೋಡಿದೆವು. ನಿಜವಾದ ಬಾವಿ ಪಕ್ಕದಲ್ಲಿದ್ದಾಗ ಇಲ್ಲದ ಬಾವಿಗೆ ಯಾವ ಕೆಲಸವೂ ಉಳಿಯಲಿಲ್ಲ. ಮೇಷ್ಟ್ರು ಕಲ್ಲಿನ ಕಟ್ಟೆಯ ಪಕ್ಕದಲ್ಲಿ ಸುಮ್ಮನೆ ಕೈಯಾಡಿಸುವ ಮನುಷ್ಯನಂತೆ ಕಂಡರು. ಭರತನಾಟ್ಯದ ಅಭಿನಯಕ್ಕೆ ಕಡಲು ಹಿನ್ನೆಲೆಯಾಗಬಲ್ಲದು, ಮೂಕಾಭಿನಯಕ್ಕೆ ವಸ್ತು ಪ್ರತಿಸ್ಪರ್ಧಿಯಾಗುತ್ತದೆ. ಮೇಷ್ಟ್ರು ಮೊದಲೇ ಇದನ್ನು ಹೇಳಬಹುದಿತ್ತಲ್ಲ ಎಂದು ಕೇಳಿದ್ದಕ್ಕೆ, "ನೀವು ಅಷ್ಟು ದೂರದಿಂದ ಜೀಪು ಮಾಡ್ಕೊಂಡು ಬಂದಿದ್ರಿ, ಬೇಡ ಅನ್ನಲಿಕ್ಕೆ ಬಾಯಿ ಬರ್ಲಿಲ್ಲ ಮಾರಾಯ" ಎಂದರು.

ತಿರುವು ಬಂದದ್ದು ನಾವು ಅಲ್ಲಿಯವರೆಗೆ ಒಂದು ಪ್ರಶ್ನೆಯನ್ನೂ ಕೇಳಿರದ ವ್ಯಕ್ತಿಯಿಂದ. ಮೇಷ್ಟ್ರ ಹೆಂಡತಿ, ನಾವೆಲ್ಲ ಅಕ್ಕ ಎಂದು ಕರೆಯುತ್ತಿದ್ದವರು, ಮೂವತ್ತು ವರ್ಷಗಳಿಂದ ಪ್ರತಿ ಪ್ರದರ್ಶನಕ್ಕೂ ದೀಪ ಮತ್ತು ಕ್ಯಾಸೆಟ್ಟು ನೋಡಿಕೊಂಡವರು. ಚಿತ್ರೀಕರಣದ ದಿನಗಳಲ್ಲಿ ಅವರು ನಮಗೆ ಕಾಫಿ ಕೊಡುತ್ತಿದ್ದರು, ನಾವು ಕುಡಿಯುತ್ತಿದ್ದೆವು, ಅಷ್ಟೇ. ಕಟ್ ಇಲ್ಲದ ಆವೃತ್ತಿಯನ್ನು ಲ್ಯಾಪ್‌ಟಾಪಿನಲ್ಲಿ ಮೇಷ್ಟ್ರಿಗೆ ತೋರಿಸುವಾಗ ಹಿಂದೆ ನಿಂತು ನೋಡಿದ ಅಕ್ಕ, "ಇಲ್ಲಿಂದ ನೋಡಿದ್ರೆ ಬಾವಿ ಕಾಣ್ತದೆ, ನೀರು ಕಾಣೂದಿಲ್ಲ" ಎಂದು ಹೇಳಿ ಒಳಗೆ ಹೋದರು.

ಮರುದಿನ ಸಭಾಂಗಣಕ್ಕೆ ಅವರನ್ನು ಕರೆದುಕೊಂಡು ಹೋಗಿ, ನೀವು ಎಲ್ಲಿ ಕೂರುತ್ತಿದ್ದಿರಿ ಎಂದು ಕೇಳಿದೆವು. ಅವರು ತೋರಿಸಿದ್ದು ಎಡಗೋಡೆಯ ಪಕ್ಕದ ಒಂದು ಮೂಲೆ. ಸ್ವಿಚ್ ಬೋರ್ಡು ಇದ್ದದ್ದು ಅಲ್ಲಿ ಎಂಬುದೊಂದೇ ಕಾರಣ. ಅಲ್ಲಿ ಟ್ರೈಪಾಡ್ ಇಟ್ಟು, ಕೂತ ಮನುಷ್ಯನ ಕಣ್ಣಿನ ಎತ್ತರಕ್ಕೆ ಕ್ಯಾಮೆರಾ ಇಳಿಸಿ, ಮೇಷ್ಟ್ರಿಗೆ ನಾಲ್ಕು ಎಳೆತ ಎಳೆಯಲು ಹೇಳಿದಾಗ ಕೊಡದಲ್ಲಿ ನೀರು ತುಂಬಿತ್ತು. ವಿವರಣೆ ಸರಳ. ಹಗ್ಗ ಎಳೆಯುವವನ ಸೊಂಟ ಹಿಂದಕ್ಕೆ ಜಾರುತ್ತದೆ. ನೇರ ಎದುರಿನಿಂದ ನೋಡಿದರೆ ಆ ಜಾರುವಿಕೆ ನೋಟದ ಗೆರೆಯಲ್ಲೇ ನಡೆಯುವುದರಿಂದ ಕ್ಯಾಮೆರಾದ ಚಪ್ಪಟೆ ಚಿತ್ರದಲ್ಲಿ ಮಾಯವಾಗುತ್ತದೆ. ಓರೆಯಿಂದ ನೋಡಿದರೆ ಸೊಂಟ, ಬೆನ್ನು, ಹಿಮ್ಮಡಿ ಮೂರೂ ಒಂದು ಬಾಗಿದ ಗೆರೆಯಾಗಿ ಕಾಣುತ್ತವೆ, ಆ ಗೆರೆಯೇ ಭಾರ. ಆದರೆ ಇದರಲ್ಲಿ ಜ್ಯಾಮಿತಿಗಿಂತ ಹೆಚ್ಚಿನದೊಂದು ಇತ್ತು. ಪ್ರತಿದಿನದ ತಾಲೀಮಿನ ನಂತರ ಮೇಷ್ಟ್ರು "ಹೇಗಾಯ್ತು?" ಎಂದು ಕೇಳುತ್ತಿದ್ದದ್ದು ಅಕ್ಕನನ್ನು. ಅವರು ಹೇಳಿದಂತೆ ತಿದ್ದಿಕೊಳ್ಳುತ್ತಾ ಹೋಗಿ, ಮೂವತ್ತು ವರ್ಷಗಳಲ್ಲಿ ಇಡೀ ನಾಟಕ ಮೇಷ್ಟ್ರಿಗೇ ತಿಳಿಯದಂತೆ ಆ ಎಡಮೂಲೆಗೆ ಮುಖಮಾಡಿ ತಿರುಗಿಕೊಂಡಿತ್ತು.

ಎರಡನೆಯ ಹಂತದ ಚಿತ್ರೀಕರಣಕ್ಕೆ ನಾಲ್ಕು ದಿನಗಳಷ್ಟೇ ಹಣವಿತ್ತು. ಒಂದೇ ಕ್ಯಾಮೆರಾ, ಅಕ್ಕನ ಜಾಗ, ತಲೆಯಿಂದ ಹಿಮ್ಮಡಿಯವರೆಗೆ ಇಡೀ ಮೈ, ಕಾಲ ಕೆಳಗಿನ ಹಲಗೆಯೂ ಕಾಣುವಂತೆ. ಪ್ರದರ್ಶನದ ನಡುವೆ ಕಟ್ ಇಲ್ಲ, ಪ್ರದರ್ಶನದ ಮೇಲೆ ಮಾತಿಲ್ಲ, ಹಾಗಾಗಿ ಅಡಿಬರಹವೂ ಇಲ್ಲ.

ಮೇಷ್ಟ್ರು ಈ ನಾಟಕಕ್ಕೆ ಬಳಸುತ್ತಿದ್ದದ್ದು 1980ರ ದಶಕದ ಒಂದು ಧ್ವನಿಮುದ್ರಿಕೆಯ ಕೊಳಲು. ರಂಗದ ಮೇಲೆ ಆ ಬಗ್ಗೆ ಯಾರೂ ಕೇಳಿರಲಿಲ್ಲ, ಚಿತ್ರಕ್ಕೆ ಮಾತ್ರ ಕೇಳಲೇಬೇಕಾಗಿತ್ತು. ನಮ್ಮ ದೇಶದಲ್ಲಿ ಧ್ವನಿಮುದ್ರಿಕೆಯ ಹಕ್ಕುಸ್ವಾಮ್ಯ ಪ್ರಕಟಣೆಯ ನಂತರ 60 ವರ್ಷ ಇರುತ್ತದೆ. ಹಕ್ಕುದಾರ ಕಂಪನಿಗೆ ಬರೆದ ಮೂರು ಪತ್ರಗಳಿಗೆ ಉತ್ತರ ಬರಲಿಲ್ಲ. ಹೊಸದಾಗಿ ಸಂಗೀತ ಮಾಡಿಸೋಣವೆಂದು ನಾವು ಲೆಕ್ಕ ಹಾಕುತ್ತಿರುವಾಗ ಅಕ್ಕ ಮತ್ತೊಮ್ಮೆ ಬಾಯಿಬಿಟ್ಟರು: ಮೊದಲ ಕೆಲವು ವರ್ಷ ಈ ನಾಟಕಕ್ಕೆ ಸಂಗೀತವೇ ಇರಲಿಲ್ಲ, ಅಷ್ಟು ಹೊತ್ತು ಸದ್ದಿಲ್ಲದೆ ಕೂರುವುದು ಹೆಡ್‌ಮಾಸ್ತರರುಗಳಿಗೆ ಕಷ್ಟವಾಗುತ್ತಿತ್ತೆಂದು ಆಮೇಲೆ ಸೇರಿಸಿದ್ದು! ಸರಿ, ಕೊಳಲನ್ನು ಬಿಟ್ಟೆವು. ಶಬ್ದಗ್ರಾಹಕರು ವೇದಿಕೆಯ ಹಲಗೆಯ ಅಡಿಗೆ, ಹಲಗೆಯ ಕಂಪನವನ್ನೇ ಹಿಡಿಯುವ ಒಂದು ಕಾಂಟ್ಯಾಕ್ಟ್ ಮೈಕನ್ನೂ ಅಂಟಿಸಿದರು. ಹಿಮ್ಮಡಿ ಒತ್ತಿದಾಗ ಹಲಗೆ ಕಿರುಗುಟ್ಟುವ ಸದ್ದು, ಮಂಡಿಯ ಲಟಕ್ಕು, ಇಪ್ಪತ್ತನೆಯ ಎಳೆತದ ನಂತರ ಏರುವ ಉಸಿರು, ಇವೆಲ್ಲ ಬಂದವು. ಸಂಗೀತದ ತಾಳ ಇಲ್ಲದ್ದರಿಂದ ಮೇಷ್ಟ್ರು ತಮ್ಮ ಮೈಯ ತಾಳಕ್ಕೆ ಮರಳಿದರು, ಒಂಬತ್ತು ನಿಮಿಷದ ನಾಟಕ ಹನ್ನೊಂದಕ್ಕೆ ಬೆಳೆಯಿತು. 16 ಎಂ.ಎಂ. ಫಿಲ್ಮಿನ ಕಾಲದಲ್ಲಾಗಿದ್ದರೆ 400 ಅಡಿಯ ರೋಲು ಸುಮಾರು ಅಷ್ಟೇ ಹೊತ್ತು ಓಡುತ್ತಿತ್ತು, ಕೊನೆಯ ಎಳೆತಕ್ಕೆ ಫಿಲ್ಮು ಉಳಿದೀತೇ ಎಂದು ಉಸಿರು ಬಿಗಿಹಿಡಿಯಬೇಕಾಗುತ್ತಿತ್ತು. ನಮಗೆ ಆ ಭಯವಿರಲಿಲ್ಲ.

ಮಾತಿಗೂ ಒಂದು ಜಾಗ ಸಿಕ್ಕಿತು. ಹನ್ನೊಂದು ಗಂಟೆಗಳಲ್ಲಿ ಹದಿನೆಂಟು ನಿಮಿಷ ಉಳಿಸಿಕೊಂಡು, ಅವುಗಳನ್ನು ಪ್ರದರ್ಶನಗಳ ನಡುವೆ, ಮಾತಾಡುವ ಮುಖವನ್ನೇ ತೋರಿಸುತ್ತಾ ಇಟ್ಟೆ. ಆಗ ಒಂದು ಸಂಗತಿ ಕಣ್ಣಿಗೆ ಬಿತ್ತು: ಮಾತಾಡುವಾಗ ಮೇಷ್ಟ್ರ ಕೈಗಳು ಎಲ್ಲರ ಕೈಗಳಂತೆಯೇ ಅಡ್ಡಾದಿಡ್ಡಿ ಆಡುತ್ತವೆ. ಅದೇ ಕೈ ಮುಂದಿನ ದೃಶ್ಯದಲ್ಲಿ ಗಾಳಿಯ ಒಂದು ಬಿಂದುವನ್ನು ಹಿಡಿದು ಅಲುಗದೆ ನಿಲ್ಲುವುದನ್ನು ನೋಡಿದಾಗ ತರಬೇತಿ ಎಂದರೇನು ಎಂಬುದಕ್ಕೆ ಬೇರೆ ವಿವರಣೆ ಬೇಕಾಗಲಿಲ್ಲ.

ಬಿದ್ದದ್ದು ಮತ್ತು ಎದ್ದದ್ದು

ಮೂರನೆಯ ದಿನ, ಎರಡನೆಯ ಟೇಕ್. ಮೂವತ್ತೊಂದನೆಯ ಎಳೆತ ಮುಗಿದು ಮೇಷ್ಟ್ರು ಹಿಂದೆ ಸರಿಯುವಾಗ ಎರಡನೆಯ ಹೆಜ್ಜೆಯಲ್ಲಿ ಮಂಡಿ ಕೈಕೊಟ್ಟಿತು. ಅವರು ಹಿಂದಕ್ಕೆ ಬಿದ್ದರು. ನಾವು ಯಾರೂ ಅಲುಗಲಿಲ್ಲ, ಅಲುಗಬೇಕೆಂದು ಹೊಳೆಯಲೂ ಇಲ್ಲ. ಸ್ವಿಚ್ ಬೋರ್ಡಿನ ಬಳಿ ಕೂತಿದ್ದ ಅಕ್ಕ, ನಾಟಕ ಮುಗಿದಾಗ ಯಾವಾಗಲೂ ಮಾಡುವಂತೆ, ದೀಪವನ್ನು ನಿಧಾನವಾಗಿ ಆರಿಸಿದರು. ಕತ್ತಲಾದ ಮೇಲೆಯೇ ಅವರಿಗೂ ನಮಗೂ ಎಚ್ಚರವಾಗಿ, ದೀಪ ಮತ್ತೆ ಹಾಕಿ ಎಲ್ಲರೂ ಓಡಿದೆವು. ಮೇಷ್ಟ್ರು ಅಂಗೈ ಊರಿ, ಮಗ್ಗುಲಾಗಿ, ಶಿಷ್ಯನೊಬ್ಬನ ಹೆಗಲು ಹಿಡಿದು ಎದ್ದು ನಿಲ್ಲಲು ಸುಮಾರು ನಲವತ್ತು ಸೆಕೆಂಡು ಬೇಕಾಯಿತು. ಮೂಳೆಗೆ ಪೆಟ್ಟಾಗಿರಲಿಲ್ಲ. ಕ್ಯಾಮೆರಾವನ್ನು ನಿಲ್ಲಿಸಲು ಯಾರಿಗೂ ನೆನಪಿರಲಿಲ್ಲ.

ಇಡೀ ಚಿತ್ರೀಕರಣದ ಅತ್ಯುತ್ತಮ ಟೇಕ್ ಅದೇ. ನಿರ್ದೇಶಕಿಗೆ ಬೀಳುವುದಕ್ಕಿಂತ ಏಳುವ ನಲವತ್ತು ಸೆಕೆಂಡು ಮುಖ್ಯವೆನಿಸಿತು: ನಲವತ್ತು ವರ್ಷ ಮೈಯನ್ನು ಆಳಿದವನು ಅದೇ ಮೈಯನ್ನು ನೆಲದಿಂದ ಎತ್ತಲು ಪಡುವ ಪಾಡು, ಅದು ಬಾವಿಯ ಕತೆಯೇ ಅಲ್ಲವೇ ಎಂಬುದು ಅವರ ವಾದ. ನನಗೂ ಹಾಗೇ ಅನ್ನಿಸಿತ್ತು, ಮುಚ್ಚಿಡುವುದಿಲ್ಲ. ಮೇಷ್ಟ್ರಿಗೆ ತೋರಿಸಿದೆವು. ಅವರು ಬೀಳುವುದನ್ನು ತೆಗೆಯಿರಿ ಎನ್ನಬಹುದೆಂದು ಸಿದ್ಧರಾಗಿ ಕೂತಿದ್ದೆವು.

"ಬಿದ್ದದ್ದು ಇರ್ಲಿ. ಎದ್ದದ್ದು ತೆಗೀರಿ" ಎಂದರು.

ನಿರ್ದೇಶಕಿ ಕಾರಣ ಕೇಳಿದಾಗ ಮೇಷ್ಟ್ರು ಮಾತಿಗೆ ತಡಕಾಡಿದ್ದನ್ನು ನಾನು ಮೊದಲ ಸಲ ನೋಡಿದೆ. "ನೋಡು ಮಾರಾಯ್ತಿ, ಬೀಳುವಾಗಲೂ ನಾನು ಕೊಡ ಕೈಬಿಡ್ಲಿಲ್ಲ, ಬೇಕಾದ್ರೆ ಇನ್ನೊಂದ್ಸಲ ನೋಡು. ಏಳುವಾಗ ಎದ್ದದ್ದು ಯಾರೋ ಮುದುಕ." ನಾವು ಹಿಂದಕ್ಕೆ ಓಡಿಸಿ ನೋಡಿದೆವು. ಬೆನ್ನು ಹಲಗೆಗೆ ತಾಗಿದ ಮೇಲೂ ಎರಡು ಕೈಗಳು ಎದೆಯ ಮೇಲೆ ಒಂದು ಕೊಡದ ಬಾಯಿಯಷ್ಟು ಅಗಲಕ್ಕೆ ನಿಂತಿದ್ದವು.

ಆಗ ಆ ಒಂದು ಪುಟದ ಒಪ್ಪಂದ ಹೊರಬಂತು. ಏಳುವುದು ಪ್ರದರ್ಶನವೋ ಖಾಸಗಿಯೋ? ವೇದಿಕೆಯ ಮೇಲೆ ನಡೆದದ್ದರಿಂದ ಪ್ರದರ್ಶನ ಎಂದು ವಾದಿಸಬಹುದಿತ್ತು, ನಿರ್ದೇಶಕಿ ಒಂದು ಸಂಜೆ ಪೂರ್ತಿ ಹಾಗೆಯೇ ವಾದಿಸಿದರು ಕೂಡ. ಮರುದಿನ ಬೆಳಗ್ಗೆ ಅವರೇ ನಿರ್ಧರಿಸಿದರು: ಅಕ್ಕ ದೀಪ ಆರಿಸಿದಾಗ ನಾಟಕ ಮುಗಿಯಿತು, ಆಮೇಲಿನದು ಖಾಸಗಿ. ಕತ್ತಲಿನಲ್ಲೇ ಕಟ್ ಮಾಡಿದೆ. ಮುಂದಿನ ದೃಶ್ಯದಲ್ಲಿ ಮೇಷ್ಟ್ರು ಹಿತ್ತಲ ಕಟ್ಟೆಯ ಮೇಲೆ ಕಾಫಿ ಕುಡಿಯುತ್ತಾ, ಆ ವರ್ಷದ ಅಡಕೆ ಧಾರಣೆಯ ಬಗ್ಗೆ ಮಾತಾಡುತ್ತಿರುತ್ತಾರೆ.

ಫಲಿತಾಂಶ ಮತ್ತು ಉಳಿದ ಪ್ರಶ್ನೆಗಳು

ಚಿತ್ರ 61 ನಿಮಿಷಕ್ಕೆ ಮುಗಿಯಿತು. ಹಿಂದಿನ ಹತ್ತು ಜನರಲ್ಲಿ ಏಳು ಮಂದಿಯನ್ನು ಮತ್ತೆ ಕರೆದು ಅದೇ ಪ್ರಶ್ನೆ ಕೇಳಿದೆವು. ಈ ಸಲ ಏಳೂ ಜನ ಬಾವಿಯ ನಾಟಕವನ್ನು ಕ್ರಮವಾಗಿ ಹೇಳಿದರು. ಶಿಕ್ಷಕಿ ಸನ್ನೆಯಲ್ಲೂ ಹೇಳಲಿಲ್ಲ, ಎದ್ದು ನಿಂತು ಹಗ್ಗ ಎಳೆದು ತೋರಿಸಿದರು. ಕೊನೆಯ ಸಲದ ಎಳೆತಗಳನ್ನು ನಾನು ಗುಟ್ಟಾಗಿ ಎಣಿಸಿದೆ, ಇಪ್ಪತ್ತೆಂಟಾದವು. ಇಷ್ಟವಾಯಿತೇ ಎಂದು ಕೇಳುವುದಕ್ಕಿಂತ ಏನು ನೋಡಿದಿರಿ ಎಂದು ಕೇಳುವುದು ಎಷ್ಟು ಹೆಚ್ಚಿನದನ್ನು ತಿಳಿಸುತ್ತದೆ ಎಂಬುದನ್ನು ಈ ಎರಡು ಪ್ರದರ್ಶನಗಳ ನಂತರ ನನ್ನ ಬೇರೆ ಕೆಲಸಗಳಲ್ಲೂ ಪಾಲಿಸುತ್ತಿದ್ದೇನೆ.

ರಂಗಕಲಾವಿದರ ಚಿತ್ರ ಮಾಡಲು ಹೊರಟವರು ಕೇಳಿದಾಗ ನಾನು ಈಗ ಹೇಳುವುದು, ಮೊದಲ ದಿನ ಕ್ಯಾಮೆರಾ ಒಯ್ಯಬೇಡಿ, ಆ ಕಲಾವಿದರನ್ನು ಅತಿ ಹೆಚ್ಚು ಸಲ ನೋಡಿದವರು ಯಾರೆಂದು ಹುಡುಕಿ, ಅವರು ಕೂತ ಜಾಗದಲ್ಲಿ ಒಮ್ಮೆ ಕೂತು ಬನ್ನಿ ಎಂದು. ಎಲ್ಲ ಕಡೆಗೂ ಅದು ಎಡಮೂಲೆಯೇ ಆಗಿರುವುದಿಲ್ಲ. ನಮ್ಮ ಕಡೆ ಯಕ್ಷಗಾನದ ಮೇಳಗಳಲ್ಲಿ ಚೌಕಿಯಿಂದ, ಅಂದರೆ ವೇಷ ಕಟ್ಟುವ ಬಣ್ಣದ ಮನೆಯಿಂದ, ಇಣುಕಿ ಆಟ ನೋಡುವವರ ಕಣ್ಣು ಎದುರಿಗೆ ಕೂತವರದ್ದಕ್ಕಿಂತ ಬೇರೆಯದೇ ಆಗಿರುತ್ತದೆ. ಎರಡನೆಯದಾಗಿ, ಒಪ್ಪಂದದಲ್ಲಿ ಖಾಸಗಿ, ಪ್ರದರ್ಶನ ಎಂಬ ಎರಡು ಪದಗಳ ನಡುವಿನ ಗೆರೆ ಎಲ್ಲಿದೆ ಎಂಬುದನ್ನು ಮೊದಲೇ ಕೂತು ಮಾತಾಡಿಕೊಳ್ಳುವುದು ಒಳ್ಳೆಯದು. ನಮಗೆ ಆ ಗೆರೆಯನ್ನು ಎಳೆದುಕೊಟ್ಟದ್ದು ಅಕ್ಕನ ಕೈಯ ಅಭ್ಯಾಸ. ಎಲ್ಲರಿಗೂ ಆ ಅದೃಷ್ಟ ಇರುವುದಿಲ್ಲ.

ಇತ್ಯರ್ಥವಾಗದೆ ಉಳಿದ ವಿಷಯವೂ ಒಂದಿದೆ. ಏಳುವುದು ಚಿತ್ರದಲ್ಲಿ ಇಲ್ಲದ್ದರಿಂದ ಬೀಳುವುದನ್ನು ನಾಟಕದ ಭಾಗವೆಂದೇ ಹೆಚ್ಚಿನವರು ತಿಳಿಯುತ್ತಾರೆ. ಒಂದು ಪ್ರದರ್ಶನದ ನಂತರ ಹಿರಿಯ ರಂಗಕರ್ಮಿಯೊಬ್ಬರು ಆ ಬೀಳುವಿಕೆಯನ್ನು ಬಹುವಾಗಿ ಹೊಗಳಿದರು. ಮೇಷ್ಟ್ರು, ಸಾಮಾನ್ಯವಾಗಿ ಯಾವ ಹೊಗಳಿಕೆಗೂ ಅರ್ಧ ಗಂಟೆ ಉತ್ತರ ಕೊಡುವವರು, ಕೈಮುಗಿದು ಸುಮ್ಮನಾದರು. ಸಾಕ್ಷ್ಯಚಿತ್ರದ ಮಟ್ಟಿಗೆ ಇದು ಸುಳ್ಳು ಸಾಕ್ಷ್ಯವಾಯಿತೇ ಎಂದು ಛಾಯಾಗ್ರಾಹಕರು ಇಂದಿಗೂ ಕೇಳುತ್ತಾರೆ. ನಿರ್ದೇಶಕಿ ಇಲ್ಲ ಎನ್ನುತ್ತಾರೆ. ನಾನು ಒಂದು ವಾರ ಒಬ್ಬರ ಕಡೆ, ಇನ್ನೊಂದು ವಾರ ಇನ್ನೊಬ್ಬರ ಕಡೆ. ನಂತರದ ಎರಡು ಪ್ರದರ್ಶನಗಳಲ್ಲಿ ಮೇಷ್ಟ್ರು ಮೂರು ಹೆಜ್ಜೆ ಸರಿದು ಕೂರುವ ಬದಲು ಬೀಳುವುದನ್ನೇ ಮಾಡಿದರೆಂದು ಅಕ್ಕ ಫೋನಿನಲ್ಲಿ ಹೇಳಿದರು. ಈ ಬದಲಾವಣೆ ಅವರಿಗೆ ಇಷ್ಟವಾದಂತೆ ಕಾಣಲಿಲ್ಲ.

ಆ ನಲವತ್ತು ಸೆಕೆಂಡುಗಳ ಫೈಲನ್ನು ನಾನು ಟೈಮ್‌ಲೈನಿನಿಂದಲೂ ನನ್ನ ಕಂಪ್ಯೂಟರಿನಿಂದಲೂ ತೆಗೆದೆ. ಅದರ ಒಂದೇ ಪ್ರತಿ ಇರುವ ಹಾರ್ಡ್ ಡಿಸ್ಕನ್ನು ನಿರ್ದೇಶಕಿ ಅಕ್ಕನ ಕೈಗೆ ಕೊಟ್ಟರು. ಕೊಳಲಿನ ಕ್ಯಾಸೆಟ್ಟು ಇರುವ ಹಳೆಯ ಬಿಸ್ಕೆಟ್ ಡಬ್ಬಿಯಲ್ಲೇ ಅವರು ಅದನ್ನೂ ಇಟ್ಟಿದ್ದಾರೆ.